ರುಜು ಕೇಳುವ ಗಣಕಯಂತ್ರ

ಊರಿಂದೂರಿಗೆ ವರ್ಗವಾಗಿ ಅಲೆದ ನಮ್ಮಂಥ ಸಂಸಾರಗಳ ಕಪಾಟಿನಲ್ಲಿ ಹಳೆಯ ಸಿ.ಡಿ., ಡಿ.ವಿ.ಡಿ.ಗಳ ಕಟ್ಟೊಂದು ಇದ್ದೇ ಇರುತ್ತದೆ. ಮದುವೆ, ಮುಂಜಿ, ಸಂಘದ ರಾಜ್ಯೋತ್ಸವ, ಮಕ್ಕಳ ಕನ್ನಡ ಪಾಠ ಎಲ್ಲವೂ ಅದರಲ್ಲಿ. ಈಗಿನ ಕಂಪ್ಯೂಟರುಗಳಲ್ಲಿ ಅವನ್ನು ಓದುವ ಸಲಕರಣೆ ಇರುವುದೇ ಅಪರೂಪ. ಆದ್ದರಿಂದ ಇಡೀ ಡಿಸ್ಕಿನ ಯಥಾಪ್ರತಿಯನ್ನು ಒಂದೇ ಕಡತವಾಗಿ ಮಾಡಿಟ್ಟುಕೊಳ್ಳುತ್ತೇವೆ. ಇದೇ ಡಿಸ್ಕ್ ಇಮೇಜ್. 1988ರ ಐ.ಎಸ್.ಓ. 9660 ಎಂಬ ಮಾನದಂಡದಿಂದಾಗಿ ಇದಕ್ಕೆ ‘ಐ.ಎಸ್.ಓ. ಫೈಲು’ ಎಂಬ ಹೆಸರೂ ಉಂಟು.

ಈ ಕಡತವನ್ನೇ ನಿಜವಾದ ಡಿಸ್ಕೆಂದು ಯಂತ್ರಕ್ಕೆ ನಂಬಿಸುವ ತಂತ್ರಾಂಶಗಳಿವೆ. ಅಂಥದೊಂದನ್ನು ಹಾಕಲು ಹೋದಾಗ, ಡ್ರೈವರಿನ ಡಿಜಿಟಲ್ ಸಹಿಯನ್ನು ಪರಿಶೀಲಿಸಲಾಗಲಿಲ್ಲವೆಂದು ವಿಂಡೋಸ್ ತಕರಾರು ತೆಗೆಯುವುದುಂಟು. ಯಂತ್ರದ ಮೊಂಡುತನವೆಂದು ಬೈಯುವ ಮುನ್ನ ಈ ತಕರಾರಿನ ಇತಿಹಾಸವನ್ನು ತಿಳಿಯುವುದು ಒಳ್ಳೆಯದು.

ಡ್ರೈವರ್ ಎಂದರೆ ಯಂತ್ರದ ಗರ್ಭಗುಡಿಯಲ್ಲಿ ನಿಂತು ಕೆಲಸ ಮಾಡುವ ತಂತ್ರಾಂಶ. ಒಳಗೆ ಹೋದ ಮೇಲೆ ಅದಕ್ಕೆ ಅಡ್ಡಿ ಹೇಳುವವರಿಲ್ಲ. 2001ರ ವಿಂಡೋಸ್ ಎಕ್ಸ್.ಪಿ. ಕಾಲದಲ್ಲಿ ಪರೀಕ್ಷೆಯಾಗದ ಡ್ರೈವರ್ ಬಂದರೆ ಎಚ್ಚರಿಕೆಯೇನೋ ಕಾಣಿಸುತ್ತಿತ್ತು. ಆದರೆ ‘ಮುಂದುವರಿಸಿ’ ಎಂಬ ಗುಂಡಿ ಒತ್ತಿದರೆ ಮುಗಿಯಿತು! ಈ ಸಡಿಲಿಕೆಯ ಕಾಲದಲ್ಲೇ, 2005ರ ಅಕ್ಟೋಬರಿನಲ್ಲಿ, ಒಂದು ಸಂಗತಿ ಬಯಲಾಯಿತು. ಸೋನಿ ಬಿ.ಎಂ.ಜಿ. ಕಂಪನಿಯ ಕೆಲವು ಸಂಗೀತದ ಸಿ.ಡಿ.ಗಳು ನಕಲು ತಡೆಯುವ ನೆಪದಲ್ಲಿ ತಂತ್ರಾಂಶವೊಂದನ್ನು ಗುಟ್ಟಾಗಿ ಯಂತ್ರದೊಳಗೆ ಇಳಿಸುತ್ತಿದ್ದುದನ್ನು ಮಾರ್ಕ್ ರಸಿನೋವಿಚ್ ಎಂಬ ತಜ್ಞರು ಪತ್ತೆಹಚ್ಚಿದರು. ಹಾಡು ಕೇಳಲು ಹಾಕಿದ ಡಿಸ್ಕೇ ಕಳ್ಳಗಿಂಡಿಯಾಗಿತ್ತು.

2007ರ ಜನವರಿಯಲ್ಲಿ ಮಾರುಕಟ್ಟೆಗೆ ಬಂದ ವಿಂಡೋಸ್ ವಿಸ್ಟಾದ 64 ಬಿಟ್ ಆವೃತ್ತಿ ಬಾಗಿಲು ಬಿಗಿಮಾಡಿತು. ರುಜುವಿಲ್ಲದ ಡ್ರೈವರಿಗೆ ಗರ್ಭಗುಡಿಯ ಪ್ರವೇಶವೇ ಇಲ್ಲವೆಂದಿತು. ಡಿಜಿಟಲ್ ರುಜುವಿನ ಕಲ್ಪನೆಯನ್ನು ಡಿಫಿ ಮತ್ತು ಹೆಲ್ಮನ್ 1976ರಲ್ಲೇ ಮಂಡಿಸಿದ್ದರು. ನಮ್ಮ ದೇಶದಲ್ಲಿ 2000ದ ಅಕ್ಟೋಬರ್ 17ರಂದು ಜಾರಿಗೆ ಬಂದ ಮಾಹಿತಿ ತಂತ್ರಜ್ಞಾನ ಕಾಯಿದೆ ಇಂಥ ರುಜುವಿಗೆ ಕಾನೂನಿನ ಮಾನ್ಯತೆ ಕೊಟ್ಟಿತು.

ಆದರೆ ರುಜು ಏನು ಹೇಳುತ್ತದೆ, ಏನು ಹೇಳುವುದಿಲ್ಲ ಎಂಬುದನ್ನು ನಾವು ಅರಿತಿರಬೇಕು. ಕಳಿಸಿದವರು ಯಾರು, ದಾರಿಯಲ್ಲಿ ಯಾರೂ ತಿದ್ದಿಲ್ಲವೇ, ಇಷ್ಟಕ್ಕೆ ಮಾತ್ರ ಅದು ಸಾಕ್ಷಿ. ಕಳಿಸಿದವರು ಸಜ್ಜನರೆಂಬುದಕ್ಕೆ ಅಲ್ಲ. 2010ರಲ್ಲಿ ಬೆಳಕಿಗೆ ಬಂದ ಸ್ಟಕ್ಸ್‌ನೆಟ್ ಎಂಬ ಹುಳು ಇರಾನಿನ ನತಾಂಜ್ ಅಣುಕೇಂದ್ರದ ಯಂತ್ರಗಳನ್ನು ಕೆಡಿಸಿತು. ಅದರ ಡ್ರೈವರುಗಳ ಮೇಲೆ ತೈವಾನಿನ ರಿಯಲ್‌ಟೆಕ್ ಮತ್ತು ಜೆಮೈಕ್ರಾನ್ ಕಂಪನಿಗಳ ರುಜುಗಳಿದ್ದವು! ರುಜು ಅಸಲಿ, ಹಾಕಿದವರು ಕಳ್ಳರು. ಮೊಹರೇ ಕಳುವಾದರೆ ಕಾವಲುಗಾರನು ತಾನೆ ಏನು ಮಾಡಿಯಾನು?

ಮೊಹರು ಹಳತಾಗುವುದೂ ಉಂಟು. ರುಜುವಿಗೆ ಆಧಾರವಾಗಿದ್ದ ಎಸ್.ಎಚ್.ಎ.-1 ಎಂಬ 1995ರ ಲೆಕ್ಕದ ಕ್ರಮ ದುರ್ಬಲವೆಂದು ತಜ್ಞರು ಎಚ್ಚರಿಸುತ್ತಲೇ ಇದ್ದರು. 2017ರಲ್ಲಿ ಅದನ್ನು ಮುರಿದೇ ತೋರಿಸಿದರು. ತಯಾರಕರು ಎಸ್.ಎಚ್.ಎ.-2 ಎಂಬ ಗಟ್ಟಿ ಕ್ರಮಕ್ಕೆ ಹೋದರು. ಹೊಸ ಮೊಹರನ್ನು ಓದುವ ವಿದ್ಯೆಯನ್ನು ವಿಂಡೋಸ್ 7ಕ್ಕೆ ಕಲಿಸುವ ತಿದ್ದುಪಡಿ 2015ರ ಮಾರ್ಚಿನಲ್ಲಿ ಬಂತು. ಅದನ್ನು ಹಾಕಿಕೊಳ್ಳದ ಯಂತ್ರಗಳಿಗೆ ಸಾಚಾ ರುಜುವೂ ಓದಲು ಬಾರದು. ಇಮೇಜ್ ತೆರೆಯುವ ತಂತ್ರಾಂಶಗಳ ಜಗಳ ಅನೇಕ ಕಡೆ ಇಷ್ಟೇ.

ಹಾಗಾದರೆ ಪರಿಹಾರ? ವಿಂಡೋಸ್ 8 (2012) ಮತ್ತು ಅದರ ಮುಂದಿನವು ಐ.ಎಸ್.ಓ. ಕಡತವನ್ನು ತಾವೇ ತೆರೆಯುತ್ತವೆ. ಅಲ್ಲಿ ಹೊರಗಿನ ಡ್ರೈವರಿನ ಗೊಡವೆಯೇ ಬೇಡ. ಬೇರೆ ಬಗೆಯ ಇಮೇಜ್ ಆದರೆ ತಯಾರಕರಿಂದಲೇ ಹೊಸ ಆವೃತ್ತಿಯನ್ನು ಪಡೆಯಬೇಕು. ವಿಂಡೋಸ್ 7 ಆದರೆ ಮೇಲೆ ಹೇಳಿದ ತಿದ್ದುಪಡಿ ಬೇಕು. ಅದಕ್ಕೆ ಕಂಪನಿಯ ಸಾಮಾನ್ಯ ಬೆಂಬಲ 2020ರ ಜನವರಿಯಲ್ಲೇ ನಿಂತಿರುವುದರಿಂದ ಅಂಥ ಯಂತ್ರವನ್ನು ಇಂಟರ್ನೆಟ್ಟಿಗೆ ಜೋಡಿಸದಿರುವುದು ಕ್ಷೇಮ.

ಸಹಿ ಪರಿಶೀಲನೆಯನ್ನೇ ನಿಲ್ಲಿಸಿಬಿಡುವ ಉಪಾಯವೂ ಇದೆ. ಯಂತ್ರ ಶುರುವಾಗುವಾಗ ಆರಿಸಿಕೊಂಡರೆ ಅದು ಆ ಒಂದು ಬಾರಿಗೆ ಮಾತ್ರ. ‘ಟೆಸ್ಟ್ ಮೋಡ್’ ಎಂಬುದಾದರೋ ನಾವು ತೆಗೆಯುವ ತನಕ ಹಾಗೇ ಇರುತ್ತದೆ. ಒಂದು ಹಳೆಯ ಡಿಸ್ಕಿಗಾಗಿ ಕಾವಲುಗಾರನನ್ನು ಮನೆಗೆ ಕಳಿಸಿದರೆ, ಬ್ಯಾಂಕಿನ ವ್ಯವಹಾರವನ್ನೂ ಅದೇ ಯಂತ್ರದಲ್ಲಿ ನಡೆಸುವ ನಮಗೆ ನಷ್ಟವೇ ಹೆಚ್ಚು. ಮದುವೆಯ ಡಿಸ್ಕು ಇನ್ನೊಂದು ದಿನ ಕಾಯಬಲ್ಲದು.