ಕಾರ್ಲೈಲ್ ಹುಡುಗರ 1912ರ ಋತು

ಅಮೆರಿಕದ ಫುಟ್‌ಬಾಲ್ ನಾವು ಆಡುವ ಫುಟ್‌ಬಾಲ್ ಅಲ್ಲ. ಅಲ್ಲಿ ಚೆಂಡನ್ನು ಕೈಯಲ್ಲಿ ಹಿಡಿದು, ಎದುರಾಳಿಗಳ ನಡುವೆ ನುಗ್ಗಿ ಓಡುತ್ತಾರೆ. ಈ ಆಟದಲ್ಲಿ ನೂರು ವರ್ಷಗಳ ಹಿಂದೆ ದೊಡ್ಡ ದೊಡ್ಡ ಕಾಲೇಜುಗಳನ್ನೇ ಮಣಿಸಿದ್ದು ಪೆನ್ಸಿಲ್ವೇನಿಯಾದ ಕಾರ್ಲೈಲ್ ಊರಿನ ಒಂದು ವಸತಿಶಾಲೆ.

ರಿಚರ್ಡ್ ಪ್ರ್ಯಾಟ್ ಎಂಬ ಸೇನಾಧಿಕಾರಿ 1879ರಲ್ಲಿ ಹಳೆಯ ಸೈನಿಕ ವಸತಿಯಲ್ಲಿ ಅದನ್ನು ಆರಂಭಿಸಿದ. ಅಮೆರಿಕದ ಮೂಲನಿವಾಸಿಗಳ ಮಕ್ಕಳನ್ನು ಅಲ್ಲಿಗೆ ತಂದು ಕೂದಲು ಕತ್ತರಿಸಿ, ಹೆಸರು ಬದಲಿಸಿ, ತಾಯ್ನುಡಿ ಆಡದಂತೆ ತಡೆಯುತ್ತಿದ್ದರು. ಉರ್ದು, ಕನ್ನಡ ಎರಡನ್ನೂ ಕಲಿಸುವ ನನಗೆ ಈ ಕೊನೆಯದೇ ಹೆಚ್ಚು ಚುಚ್ಚುತ್ತದೆ.

1912ರಲ್ಲಿ ತಂಡದ ತರಬೇತುದಾರ ಪಾಪ್ ವಾರ್ನರ್. ಮೈತೂಕ ಕಡಿಮೆಯಿದ್ದ ಹುಡುಗರಿಗೆ ಆತ ವೇಗವನ್ನೂ ಉಪಾಯವನ್ನೂ ಕಲಿಸಿದ್ದ. ಮುಖ್ಯ ಆಟಗಾರ ಜಿಮ್ ಥೋರ್ಪ್ ಅದೇ ಬೇಸಿಗೆಯಲ್ಲಿ ಸ್ಟಾಕ್‌ಹೋಮ್ ಒಲಿಂಪಿಕ್ಸ್‌ನಲ್ಲಿ ಎರಡು ಚಿನ್ನ ಗೆದ್ದು ಬಂದಿದ್ದ. ನವೆಂಬರ್ 9ರಂದು ವೆಸ್ಟ್ ಪಾಯಿಂಟ್‌ನಲ್ಲಿ ಸೇನಾ ಅಕಾಡೆಮಿಯ ಎದುರು ಪಂದ್ಯ. ವೂಂಡೆಡ್ ನೀ ಎಂಬಲ್ಲಿ ಅಮೆರಿಕದ ಸೇನೆ ಮೂಲನಿವಾಸಿಗಳ ಮಾರಣಹೋಮ ನಡೆಸಿ ಆಗಿನ್ನೂ 22 ವರ್ಷವಾಗಿತ್ತು, ನೆನಪಿರಲಿ. ಆ ದಿನ ಕಾರ್ಲೈಲ್ 27-6ರಿಂದ ಗೆದ್ದಿತು! ಸೋತ ತಂಡದಲ್ಲಿದ್ದ ಐಸೆನ್‌ಹೋವರ್ ಮುಂದೆ ಅಮೆರಿಕದ ಅಧ್ಯಕ್ಷನಾದ.

ಮರುವಾರವೇ ಪೆನ್ಸಿಲ್ವೇನಿಯಾ ವಿಶ್ವವಿದ್ಯಾಲಯದ ಎದುರು 34-26ರಿಂದ ಸೋತರು. ಒಟ್ಟು 14 ಪಂದ್ಯಗಳಲ್ಲಿ 12 ಗೆಲುವು, ಒಂದು ಡ್ರಾ, ಸೋಲು ಅದೊಂದೇ.

ಹಿಂದೆ ಹಣ ಪಡೆದು ಬೇಸ್‌ಬಾಲ್ ಆಡಿದ್ದನೆಂದು 1913ರಲ್ಲಿ ಥೋರ್ಪ್‌ನ ಪದಕಗಳನ್ನು ಕಿತ್ತುಕೊಂಡರು. ಶಾಲೆ 1918ರಲ್ಲಿ ಮುಚ್ಚಿತು, ಥೋರ್ಪ್ 1953ರಲ್ಲಿ ತೀರಿಕೊಂಡ. ಆ ಎರಡೂ ಸ್ಪರ್ಧೆಗಳಿಗೆ ಅವನೊಬ್ಬನೇ ವಿಜೇತನೆಂದು ಒಲಿಂಪಿಕ್ ಸಮಿತಿ ಮತ್ತೆ ಬರೆದುಕೊಂಡದ್ದು 2022ರಲ್ಲಿ.