ಫರ್ಮಾನು, ಬುಡಕಟ್ಟು ಮತ್ತು ಮನೆಯ ಯಜಮಾನ: ಅಫ್ಗಾನ್ ಮಹಿಳೆಯರ ಹಕ್ಕುಗಳ ಒಂದು ಶತಮಾನ

2021ರ ಡಿಸೆಂಬರ್ 3ರಂದು, ಅಂದರೆ ಕಾಬೂಲನ್ನು ವಶಪಡಿಸಿಕೊಂಡು ನಾಲ್ಕು ತಿಂಗಳು ತುಂಬುವ ಮೊದಲೇ, ತಾಲಿಬಾನ್ ಆಡಳಿತವು ಮಹಿಳೆಯರ ಹಕ್ಕುಗಳ ಹೆಸರಿನಲ್ಲಿಯೇ ಒಂದು ಫರ್ಮಾನು ಹೊರಡಿಸಿತು. ಹೆಣ್ಣು ಯಾರ ಸೊತ್ತೂ ಅಲ್ಲ, ಅವಳ ಒಪ್ಪಿಗೆಯಿಲ್ಲದೆ ಮದುವೆ ಮಾಡಬಾರದು, ಕಲಹ ಮುಗಿಸಿ ರಾಜಿಯಾಗಲು ಅವಳನ್ನು ಎದುರು ಪಕ್ಷಕ್ಕೆ ಒಪ್ಪಿಸಬಾರದು, ವಿಧವೆಗೆ ಆಸ್ತಿಯಲ್ಲಿ ಪಾಲು ಸಲ್ಲಬೇಕು ಎಂದೆಲ್ಲ ಹೇಳಿದ ಆ ಆದೇಶವು ಶಾಲೆಯ ಬಗ್ಗೆಯಾಗಲಿ, ಉದ್ಯೋಗದ ಬಗ್ಗೆಯಾಗಲಿ ಒಂದು ಮಾತನ್ನೂ ಆಡಲಿಲ್ಲ. ಇದನ್ನು ಕೇವಲ ಕಣ್ಣೊರೆಸುವ ತಂತ್ರವೆಂದು ತಳ್ಳಿಹಾಕಿದರೆ ಒಂದು ಮುಖ್ಯ ಸಂಗತಿ ಕೈತಪ್ಪಿಹೋಗುತ್ತದೆ: ಹೆಣ್ಣಿನ ಮೇಲಿನ ಅಧಿಕಾರವನ್ನು ಕುಲದ ಕೈಯಿಂದ ಕಿತ್ತು ತನ್ನ ಕೈಗೆ ತೆಗೆದುಕೊಳ್ಳಲು ಕಾಬೂಲಿನ ಪ್ರಭುತ್ವ ಮಾಡಿದ ಯತ್ನಗಳ ಸಾಲಿನಲ್ಲಿ ಇದೂ ಒಂದು.

ಆ ಸಾಲು ಹತ್ತೊಂಬತ್ತನೆಯ ಶತಮಾನದ ಕೊನೆಗೆ ಆಳಿದ ಅಮೀರ್ ಅಬ್ದುರ್ ರಹಮಾನ್ ಖಾನನಿಂದ ಮೊದಲಾಗುತ್ತದೆ. ಗಂಡ ಸತ್ತ ಹೆಂಗಸು ಅವನ ಸೋದರನನ್ನೋ ಹತ್ತಿರದ ಬಂಧುವನ್ನೋ ಮದುವೆಯಾಗಲೇಬೇಕೆಂಬ ಕಟ್ಟಳೆಯನ್ನು ಶರಿಯತ್ತಿಗೆ ವಿರುದ್ಧವೆಂದು ಅವನು ರದ್ದುಮಾಡಿದನು. ಈ ಕಟ್ಟಳೆಯ ಹಿಂದೆ ಒಂದು ಆರ್ಥಿಕ ಲೆಕ್ಕಾಚಾರವಿತ್ತು. ಪಶ್ತೂನ್ ಬುಡಕಟ್ಟುಗಳಲ್ಲಿ ವರನ ಕಡೆಯವರು ವಧುವಿನ ತಂದೆಗೆ ತೆರುವ ‘ವಲ್ವರ್’ ಎಂಬ ಕನ್ಯಾಶುಲ್ಕ ದೊಡ್ಡ ಮೊತ್ತವಾದ್ದರಿಂದ, ಹಾಗೆ ತಂದ ಸೊಸೆ ವಿಧವೆಯಾಗಿ ಮನೆಬಿಟ್ಟು ಹೋಗುವುದು ಕುಲಕ್ಕೆ ನಷ್ಟವಾಗಿ ಕಾಣುತ್ತಿತ್ತು. ಕೊಲೆಯ ಸೇಡನ್ನು ತಣಿಸಲು ಕೊಲೆಗಾರನ ಮನೆಯ ಹುಡುಗಿಯನ್ನು ಸತ್ತವನ ಮನೆಗೆ ಕೊಡುವ ‘ಬಾದ್’ ಪದ್ಧತಿಯೂ ಇದೇ ಲೆಕ್ಕದ ಇನ್ನೊಂದು ಮುಖ.

ಅಬ್ದುರ್ ರಹಮಾನನ ಮೊಮ್ಮಗ ಅಮಾನುಲ್ಲಾ ಖಾನ್ (ಆಳ್ವಿಕೆ 1919–1929) ಈ ಕೆಲಸವನ್ನು ಬಹುದೂರ ಕೊಂಡೊಯ್ದನು. 1921ರ ವಿವಾಹ ಶಾಸನವು ಬಾಲ್ಯವಿವಾಹವನ್ನು ನಿಷೇಧಿಸಿ ಮದುವೆಯ ದುಂದುವೆಚ್ಚಕ್ಕೆ ಕಡಿವಾಣ ಹಾಕಿತು. ಅದೇ ವರ್ಷ ಕಾಬೂಲಿನಲ್ಲಿ ‘ಮಸ್ತೂರಾತ್’ ಎಂಬ ಹೆಣ್ಣುಮಕ್ಕಳ ಶಾಲೆ ತೆರೆಯಿತು, ರಾಣಿ ಸುರಯ್ಯಾಳ ತಾಯಿ ಅಸ್ಮಾ ರಸ್ಮಿಯಾ ‘ಇರ್ಷಾದ್-ಎ-ನಿಸ್ವಾನ್’ ಎಂಬ ಮಹಿಳಾ ಪತ್ರಿಕೆಯ ಸಂಪಾದಕಿಯಾದಳು. ಆದರೆ 1924ರಲ್ಲಿ ದಕ್ಷಿಣದ ಖೋಸ್ತ್ ಪ್ರದೇಶದ ಮಂಗಲ್ ಬುಡಕಟ್ಟಿನವರು ದಂಗೆಯೆದ್ದಾಗ, ಅಪ್ರಾಪ್ತ ಮಗಳ ಮದುವೆ ನಿಶ್ಚಯಿಸುವ ತಂದೆಯ ಹಕ್ಕನ್ನು ಕಸಿದ ಈ ಶಾಸನವೂ ಅವರ ದೂರುಗಳಲ್ಲಿ ಒಂದಾಗಿತ್ತು. ದೊರೆ ಹಲವು ಅಂಶಗಳಲ್ಲಿ ಹಿಂದೆ ಸರಿಯಬೇಕಾಯಿತು. 1928ರಲ್ಲಿ ಯುರೋಪ್ ಪ್ರವಾಸ ಮುಗಿಸಿ ಬಂದ ಅವನು ಇನ್ನಷ್ಟು ಅವಸರ ತೋರಿ, ಹುಡುಗಿಯರ ಒಂದು ತಂಡವನ್ನು ಓದಲು ತುರ್ಕಿಗೆ ಕಳುಹಿಸಿದನು; ಸಾರ್ವಜನಿಕ ಸಭೆಯಲ್ಲಿ ರಾಣಿ ಮುಖಪರದೆ ತೆಗೆದಳು. ಆ ನವೆಂಬರಿನಲ್ಲಿ ಜಲಾಲಾಬಾದ್ ಪ್ರದೇಶದ ಶಿನ್ವಾರಿ ಬುಡಕಟ್ಟಿನವರು ಸಿಡಿದೆದ್ದರು, ಮುಂದಿನ ಜನವರಿಯಲ್ಲಿ ದೊರೆ ಪಟ್ಟ ಬಿಟ್ಟನು. ಪರದೆಯೇ ಅವನ ಸಿಂಹಾಸನವನ್ನು ಉರುಳಿಸಿತೆಂಬುದು ಜನಪ್ರಿಯ ವಿವರಣೆಯಾದರೂ ಅದು ಅರ್ಧಸತ್ಯ ಮಾತ್ರ. ಏರಿದ ತೆರಿಗೆ, ಕಡ್ಡಾಯ ಸೇನಾಭರ್ತಿ, ಸಂಬಳವಿಲ್ಲದೆ ಸೊರಗಿದ ಸೈನ್ಯ ಇವೆಲ್ಲ ಸೇರಿದ್ದ ಅಸಮಾಧಾನಕ್ಕೆ ಹೆಣ್ಣಿನ ಮರ್ಯಾದೆಯ ಪ್ರಶ್ನೆ ಎಲ್ಲರಿಗೂ ಅರ್ಥವಾಗುವ ಒಂದು ಘೋಷಣೆಯನ್ನು ಒದಗಿಸಿತು.

ಅನಂತರದ ಅರಸರು ಈ ಪಾಠ ಕಲಿತು ನಿಧಾನವಾಗಿ ಹೆಜ್ಜೆಯಿಟ್ಟರು. 1959ರ ಸ್ವಾತಂತ್ರ್ಯೋತ್ಸವದಲ್ಲಿ ರಾಜಮನೆತನದ ಮತ್ತು ಮಂತ್ರಿಗಳ ಮನೆಯ ಹೆಂಗಸರು ಮುಖ ತೆರೆದು ಕುಳಿತಾಗ ಪ್ರಧಾನಿ ದಾವೂದ್ ಖಾನ್ ಯಾವ ಶಾಸನವನ್ನೂ ಹೊರಡಿಸಲಿಲ್ಲ. ಆಕ್ಷೇಪಿಸಿದ ಮುಲ್ಲಾಗಳಿಗೆ ಕುರಾನಿನಿಂದ ಆಧಾರ ತೋರಿಸಿರೆಂದನು. 1964ರ ಸಂವಿಧಾನದಡಿ ಮುಂದಿನ ವರ್ಷ ನಡೆದ ಚುನಾವಣೆಯಲ್ಲಿ ನಾಲ್ವರು ಮಹಿಳೆಯರು ಸಂಸತ್ತಿಗೆ ಬಂದರು, ಕುಬ್ರಾ ನೂರ್‌ಜಾಯಿ ಆರೋಗ್ಯ ಸಚಿವೆಯಾದಳು. ಈ ನಿಧಾನವನ್ನು 1978ರ ಕಮ್ಯುನಿಸ್ಟ್ ಸರ್ಕಾರ ಕೈಬಿಟ್ಟಿತು. ಅದರ ಏಳನೆಯ ಆದೇಶವು ಕನ್ಯಾಶುಲ್ಕವನ್ನು 300 ಅಫ್ಗಾನಿಗೆ ಇಳಿಸಿ, ಮದುವೆಯ ಕನಿಷ್ಠ ವಯಸ್ಸನ್ನು ಹುಡುಗಿಗೆ 16, ಹುಡುಗನಿಗೆ 18 ಎಂದು ಗೊತ್ತುಮಾಡಿತು. ತಾತ್ತ್ವಿಕವಾಗಿ ಇದು ನ್ಯಾಯವಾದುದೇ. ಆದರೆ ಹಳ್ಳಿಗೆ ಅದು ಬಂದೂಕಿನೊಡನೆ ಬಂದದ್ದರಿಂದ ಬೇರೂರಲಿಲ್ಲ.

1996ರ ಸೆಪ್ಟೆಂಬರ್ 27ರಂದು ಕಾಬೂಲನ್ನು ಹಿಡಿದ ತಾಲಿಬಾನರನ್ನು ‘ಹಳೆಯ ಸಂಪ್ರದಾಯಕ್ಕೆ ಮರಳಿದವರು’ ಎನ್ನುವುದು ಸರಿಯಲ್ಲ. ಅವರು ಹೇರಿದ ಚಾದರಿ, ಅಂದರೆ ಕಣ್ಣಿನೆದುರು ಜಾಲರಿಯಿರುವ ಮೈತುಂಬ ಮುಸುಕು, ಮೂಲತಃ ಪಟ್ಟಣದ ಉಡುಪು. ಹೊಲದಲ್ಲಿ ದುಡಿಯುವವರಾಗಲಿ ಕುರಿಮಂದೆಯೊಡನೆ ಸಾಗುವ ಕೂಚಿ ಅಲೆಮಾರಿ ಹೆಂಗಸರಾಗಲಿ ಅದನ್ನು ತೊಡುತ್ತಿದ್ದುದು ವಿರಳ. ಹೆಣ್ಣುಮಕ್ಕಳ ಶಾಲೆಗಳು ಮುಚ್ಚಿದಾಗ ಕಲಿಕೆ ಮನೆಯೊಳಗೆ ಸರಿಯಿತು. ಹೆರಾತ್ ನಗರದಲ್ಲಿ ‘ಚಿನ್ನದ ಸೂಜಿ’ ಎಂಬ ಹೊಲಿಗೆ ಶಾಲೆಯ ಹೆಸರಿನಲ್ಲಿ ಹೆಂಗಸರು ಬಟ್ಟೆ, ದಾರಗಳ ಚೀಲ ಹಿಡಿದು ಪ್ರಾಧ್ಯಾಪಕ ನಾಸಿರ್ ರಹ್ಯಾಬ್ ಅವರ ಮನೆಗೆ ಬಂದು ಸಾಹಿತ್ಯ ಓದುತ್ತಿದ್ದರು. ಹೊರಗೆ ಆಟವಾಡುತ್ತಿದ್ದ ಮಕ್ಕಳೇ ಕಾವಲುಗಾರರು. ಆ ಬಳಗದಲ್ಲಿ ಬೆಳೆದ ಕವಯಿತ್ರಿ ನಾದಿಯಾ ಅಂಜುಮನ್ ತನ್ನ ಮೊದಲ ಸಂಕಲನ ಪ್ರಕಟಿಸಿದ್ದು ತಾಲಿಬಾನ್ ಪತನದ ಬಳಿಕ. 2005ರಲ್ಲಿ ಗಂಡನಿಂದ ಹೊಡೆತ ತಿಂದು ಸತ್ತದ್ದೂ, ಸಮಾನತೆಯನ್ನು ಸಾರಿದ 2004ರ ಸಂವಿಧಾನ ಜಾರಿಯಲ್ಲಿದ್ದಾಗಲೇ. ಗಂಡನು ಹೊಡೆದುದನ್ನು ಒಪ್ಪಿ, ಕೊಂದುದನ್ನು ಅಲ್ಲಗಳೆದನು. ಬಾದ್ ಪದ್ಧತಿಯೂ ಸೇರಿ 22 ಕೃತ್ಯಗಳನ್ನು ಅಪರಾಧವೆಂದು ಹೆಸರಿಸಿದ ಮಹಿಳಾ ದೌರ್ಜನ್ಯ ನಿರ್ಮೂಲನ ಕಾನೂನು 2009ರಲ್ಲಿ ಅಧ್ಯಕ್ಷರ ಆದೇಶವಾಗಿಯೇ ಬರಬೇಕಾಯಿತು. 2013ರಲ್ಲಿ ಅದನ್ನು ಸಂಸತ್ತಿನ ಮುಂದಿಟ್ಟಾಗ ಸಂಪ್ರದಾಯವಾದಿ ಸದಸ್ಯರ ಗದ್ದಲದಿಂದ ಚರ್ಚೆ ಕೆಲವೇ ನಿಮಿಷಗಳಲ್ಲಿ ನಿಂತುಹೋಯಿತು.

2021ರ ನಂತರದ ನಿರ್ಬಂಧಗಳ ಪಟ್ಟಿ ಸುಪರಿಚಿತ: 2022ರ ಮಾರ್ಚ್ 23ರಂದು ಆರನೆಯ ತರಗತಿಗಿಂತ ಮೇಲಿನ ಹುಡುಗಿಯರು ಶಾಲೆಗೆ ಬಂದು ಕುಳಿತ ಮೇಲೆ ಅವರನ್ನು ಮನೆಗೆ ಅಟ್ಟಲಾಯಿತು, ಡಿಸೆಂಬರಿನಲ್ಲಿ ವಿಶ್ವವಿದ್ಯಾಲಯಗಳು ಹೆಂಗಸರಿಗೆ ಮುಚ್ಚಿದವು, 2024ರ ಡಿಸೆಂಬರಿನಲ್ಲಿ ಶುಶ್ರೂಷೆ ಮತ್ತು ಸೂಲಗಿತ್ತಿ ತರಬೇತಿಯೂ ನಿಂತಿತು. ಹೆಂಗಸರನ್ನು ಪರಪುರುಷ ವೈದ್ಯರು ಮುಟ್ಟಬಾರದೆನ್ನುವ ಆಡಳಿತವೇ ಮಹಿಳಾ ವೈದ್ಯಸಿಬ್ಬಂದಿ ತಯಾರಾಗುವ ಕೊನೆಯ ಬಾಗಿಲನ್ನೂ ಮುಚ್ಚಿತು. ಆದರೆ ಆಡಳಿತದ ಸ್ವರೂಪ ಅತ್ಯಂತ ಸ್ಪಷ್ಟವಾಗಿ ಕಾಣುವುದು 2022ರ ಮೇ 7ರ ಮುಖಮುಸುಕಿನ ಆದೇಶದಲ್ಲಿ. ಮುಸುಕಿಲ್ಲದೆ ಹೆಂಗಸು ಹೊರಗೆ ಕಂಡರೆ ಮೊದಲ ಸಲ ಅವಳ ಮನೆ ಪತ್ತೆಹಚ್ಚಿ ತಂದೆಗೋ ಗಂಡನಿಗೋ ಸೋದರನಿಗೋ ಬುದ್ಧಿ ಹೇಳುವುದು, ಎರಡನೆಯ ಸಲ ಅವನನ್ನು ಕಚೇರಿಗೆ ಕರೆಸುವುದು, ಮೂರನೆಯ ಸಲ ಮೂರು ದಿನ ಸೆರೆಯಲ್ಲಿಡುವುದು, ಆಮೇಲೂ ಮುಂದುವರಿದರೆ ನ್ಯಾಯಾಲಯಕ್ಕೆ ಒಪ್ಪಿಸುವುದು. ಅವನು ಸರ್ಕಾರಿ ನೌಕರನಾದರೆ ಕೆಲಸವೂ ಹೋಗುತ್ತದೆ. ‘ಮಹರಮ್’, ಅಂದರೆ ಹೆಣ್ಣು ಮದುವೆಯಾಗಲು ನಿಷಿದ್ಧನಾದ ಹತ್ತಿರದ ಗಂಡು ಬಂಧು, ಧರ್ಮಶಾಸ್ತ್ರದಲ್ಲಿ ಪ್ರಯಾಣದ ರಕ್ಷಕನಾಗಿದ್ದವನು, ಇಲ್ಲಿ ಸಂಬಳವಿಲ್ಲದ ಪೊಲೀಸನಾದನು. ಅಮಾನುಲ್ಲಾನ ಶಾಸನ ಹೆಣ್ಣಿಗೆ ಕುಟುಂಬದ ಎದುರು ಒಂದು ಹಕ್ಕು ಕೊಟ್ಟಿತ್ತು. ಈ ಆದೇಶ ಕುಟುಂಬವನ್ನೇ ಅವಳ ಮೇಲೆ ಜಾಮೀನಾಗಿ ಹಿಡಿಯಿತು.

ಲಿಂಗಾಧಾರಿತ ಕಿರುಕುಳವೆಂಬ ಮಾನವತೆಯ ವಿರುದ್ಧದ ಅಪರಾಧಕ್ಕಾಗಿ 2025ರ ಜುಲೈ 8ರಂದು ಅಂತರರಾಷ್ಟ್ರೀಯ ಕ್ರಿಮಿನಲ್ ನ್ಯಾಯಾಲಯ ತಾಲಿಬಾನ್ ಪರಮನಾಯಕ ಹಿಬತುಲ್ಲಾ ಅಖುಂದ್‌ಜಾದಾ ಮತ್ತು ಮುಖ್ಯ ನ್ಯಾಯಾಧೀಶ ಅಬ್ದುಲ್ ಹಕೀಮ್ ಹಕ್ಕಾನಿಯ ಬಂಧನಕ್ಕೆ ವಾರಂಟ್ ಹೊರಡಿಸಿತು. ಅದಕ್ಕೆ ಐದು ದಿನ ಮೊದಲಷ್ಟೇ ರಷ್ಯಾ ಅದೇ ಸರ್ಕಾರಕ್ಕೆ ಅಧಿಕೃತ ಮನ್ನಣೆ ಕೊಟ್ಟಿತ್ತು.

ಬುಡಕಟ್ಟು ಸಮಾಜವೇ ಹೆಣ್ಣಿನ ಓದಿಗೆ ಅಡ್ಡಿಯೆಂಬ ಹಳೆಯ ನಂಬಿಕೆಯನ್ನು ಈಚಿನ ಘಟನೆಗಳು ಅಲುಗಿಸುತ್ತವೆ. ಹಳ್ಳಿಹಳ್ಳಿ ತಿರುಗಿ ಹಿರಿಯರನ್ನು ಕೂರಿಸಿ ಹುಡುಗಿಯರ ಶಾಲೆಯ ಮಾತೆತ್ತುತ್ತಿದ್ದ ಮತಿಉಲ್ಲಾ ವೇಸಾ ಎಂಬ ಕಂದಹಾರಿನ ಪಶ್ತೂನ್ ಕಾರ್ಯಕರ್ತನನ್ನು 2023ರ ಮಾರ್ಚಿನಲ್ಲಿ ಬಂಧಿಸಿ ಏಳು ತಿಂಗಳು ಸೆರೆಯಲ್ಲಿಡಲಾಯಿತು. ಅದಕ್ಕೂ ಹಿಂದೆ, 2022ರ ಸೆಪ್ಟೆಂಬರಿನಲ್ಲಿ, ಖೋಸ್ತಿಗೆ ಹೊಂದಿಕೊಂಡ ಪಕ್ತಿಯಾ ಪ್ರಾಂತ್ಯದಲ್ಲಿ ಬುಡಕಟ್ಟಿನ ಹಿರಿಯರ ಬೆಂಬಲದಿಂದ, ಕಾಬೂಲಿನ ಅನುಮತಿಗೆ ಕಾಯದೆ, ಹುಡುಗಿಯರ ಕೆಲವು ಪ್ರೌಢಶಾಲೆಗಳು ಬಾಗಿಲು ತೆರೆದವು. ಕೆಲವೇ ದಿನಗಳಲ್ಲಿ ಅವನ್ನು ಮುಚ್ಚಿಸಿದ್ದು ಸರ್ಕಾರ. ಗರ್ದೇಜ್ ಪಟ್ಟಣದ ಬೀದಿಯಲ್ಲಿ ಪ್ರತಿಭಟಿಸಿದವರು ಆ ಶಾಲೆಗಳ ಹುಡುಗಿಯರು.