ಹೊಲದ ಕಬ್ಜೆ ಮತ್ತು ಕೋರ್ಟಿನ ತಡೆಯಾಜ್ಞೆ

ಬದುವಿನ ಜಗಳ ಬಡಿಗೆಯಿಂದ ತೀರುತ್ತಿದ್ದ ಕಾಲವೊಂದಿತ್ತು. ಅದು ಕಾಗದದಿಂದ ತೀರತೊಡಗಿದ್ದು ಹೇಗೆಂಬುದು ನಮ್ಮ ನ್ಯಾಯಪದ್ಧತಿಯ ಇತಿಹಾಸದಲ್ಲಿ ಸ್ವಾರಸ್ಯವಾದ ಸಂಗತಿ. ಚಿಕ್ಕೋಡಿ, ನಿಪ್ಪಾಣಿ, ರಾಯಬಾಗ, ಅಥಣಿ, ಕಾಗವಾಡಗಳ ಸೀಮೆಗೆ ಇದು ಹೆಚ್ಚು ಹತ್ತಿರದ್ದು. ಕಬ್ಬು, ತಂಬಾಕು ಬೆಳೆಯುವ ಈ ನೆಲದಲ್ಲಿ ಒಂದು ಗೇಣು ಭೂಮಿಗೂ ಬೆಲೆಯುಂಟು.

1956ರ ನವೆಂಬರ್ 1ರವರೆಗೆ ಬೆಳಗಾವಿ ಜಿಲ್ಲೆ ಮುಂಬಯಿಗೆ ಸೇರಿತ್ತು. ಆದುದರಿಂದ ಇಲ್ಲಿಯ ರೈತ ಮೊದಲು ಕಂಡ ನ್ಯಾಯಾಸನ ದೂರದ ದಿವಾಣಿ ಕೋರ್ಟಲ್ಲ, ತಾಲೂಕಿನ ಮಾಮಲೇದಾರರದು. 1864ರಲ್ಲಿ ಮೊದಲ್ಗೊಂಡು 1876ರಲ್ಲಿ ತಿದ್ದಿ ಬರೆದ ಕಾನೂನು 1906ರ ಮಾಮಲೇದಾರರ ಕೋರ್ಟುಗಳ ಕಾಯಿದೆಯಾಗಿ ನೆಲೆನಿಂತಿತು. ಹೊಲದಿಂದ ನ್ಯಾಯಮಾರ್ಗವಿಲ್ಲದೆ ಹೊರದೂಡಲ್ಪಟ್ಟವನು ಆರು ತಿಂಗಳೊಳಗೆ ದಾವೆ ಹೂಡಿದರೆ ಮಾಮಲೇದಾರರು ಕಬ್ಜೆ ಮರಳಿ ಕೊಡಿಸುತ್ತಿದ್ದರು. ಹೊಲ, ಬಾವಿ, ನೀರಿನ ಕಾಲುವೆ, ವಾಡಿಕೆಯ ದಾರಿಗಳ ಅನುಭೋಗಕ್ಕೆ ಅಡ್ಡಿ ಬಂದರೆ ಅಡ್ಡಿಪಡಿಸಕೂಡದೆಂದು ಆಜ್ಞೆ ಹೊರಡಿಸುತ್ತಿದ್ದರು. ಮರಾಠಿಯಲ್ಲಿ ಅದಕ್ಕೆ ಮನಾಈ ಹುಕೂಮ್ ಎಂದು ಹೆಸರು. ನಾವು ತಡೆಯಾಜ್ಞೆ ಎನ್ನುತ್ತೇವೆ.

ಇಲ್ಲೊಂದು ಮಾತನ್ನು ಗಮನಿಸಬೇಕು. ಹೊಲ ಯಾರದೆಂದು ಮಾಮಲೇದಾರರು ಕೇಳುತ್ತಿರಲಿಲ್ಲ. ಹೊಲದಲ್ಲಿ ಯಾರಿದ್ದರು ಎಂದಷ್ಟೆ ಕೇಳುತ್ತಿದ್ದರು. ಒಡೆತನದ ಪ್ರಶ್ನೆ ದಿವಾಣಿ ಕೋರ್ಟಿಗೆ ಬಿಟ್ಟದ್ದು. ಒಡೆಯನಾದವನೂ ಬಲಾತ್ಕಾರದಿಂದ ಹೊಲ ಹೊಗಬಾರದು, ನ್ಯಾಯಾಲಯದ ಮೂಲಕವೇ ಹೋಗಬೇಕು ಎಂಬ ತತ್ತ್ವವನ್ನು 1924ರಲ್ಲಿ ಪ್ರಿವಿ ಕೌನ್ಸಿಲೂ ಸಾರಿತು. 1908ರ ದಿವಾಣಿ ಪ್ರಕ್ರಿಯಾ ಸಂಹಿತೆಯ 39ನೆಯ ಆದೇಶದಂತೆ ದಾವೆ ಮುಗಿಯುವ ತನಕ ತಾತ್ಪೂರ್ತಿಕ ತಡೆಯಾಜ್ಞೆ ಕೊಡುವ ಅಧಿಕಾರ ದಿವಾಣಿ ಕೋರ್ಟುಗಳಿಗಿತ್ತು.

ರಾಯಬಾಗದ ಕಥೆ ಸ್ವಲ್ಪ ಬೇರೆ. ಅದು ಕೊಲ್ಹಾಪುರ ಸಂಸ್ಥಾನದ ಭಾಗ. 1949ರ ಮಾರ್ಚ್ 1ರಂದು ಸಂಸ್ಥಾನ ಮುಂಬಯಿಯಲ್ಲಿ ವಿಲೀನವಾದ ಮೇಲೆಯೇ ಅದು ನೆರೆಯ ತಾಲೂಕುಗಳ ಸಾಲಿಗೆ ಬಂದಿತು. ಹೀಗೆ ಒಂದೇ ಸೀಮೆಯ ರೈತರು ಬಹುಕಾಲ ಎರಡು ದರಬಾರುಗಳ ಬಾಗಿಲು ಕಾಯಬೇಕಾಗಿತ್ತು.

ತಡೆಯಾಜ್ಞೆ ಬಡವನ ರಕ್ಷೆಯೋ ಬಲ್ಲಿದನ ಆಯುಧವೋ? ಎರಡೂ ಅಹುದು. ಗೇಣಿಯ ಮುದ್ದತು ತೀರಿತೆಂದು ಹೊಲ ಬಿಡಿಸಿಕೊಳ್ಳಲು ಜಮೀನುದಾರನಿಗೂ 1906ರ ಕಾಯಿದೆ ದಾರಿ ತೆರೆದಿತ್ತು. ಗೇಣಿಯ ಮಾತು ಬಾಯಿಮಾತಾಗಿ, ಪಹಣಿಯಲ್ಲಿ ಒಡೆಯನ ಹೆಸರೊಂದೇ ಇದ್ದರೆ, ತಲೆಮಾರಿನಿಂದ ಉತ್ತವನು ತಾನೇ ಹೊಲದಲ್ಲಿದ್ದೆನೆಂದು ತೋರಿಸುವುದು ಸುಲಭವಲ್ಲ. ಕಾಗದವುಳ್ಳವನಿಗೆ ಆಜ್ಞೆ ಬೇಗ ಸಿಗುತ್ತದೆ. ಬೆವರು ಸುರಿಸಿದವನು ಸಾಕ್ಷಿಗಳನ್ನು ಕರೆತರಬೇಕು.

ಈ ತೊಡಕನ್ನು ಬಿಡಿಸಿದ್ದು ಭೂಸುಧಾರಣೆ. 1961ರ ಕಾಯಿದೆಗೆ ಆದ ತಿದ್ದುಪಡಿ 1974ರ ಮಾರ್ಚ್ 1ರಂದು ಜಾರಿಗೆ ಬಂದಾಗ ಗೇಣಿಯ ಭೂಮಿ ಸರಕಾರದ ವಶವಾಯಿತು. ಉಳುವವನು ಭೂನ್ಯಾಯಮಂಡಳಿಗೆ 7ನೆಯ ನಮೂನೆಯ ಅರ್ಜಿ ಕೊಟ್ಟನು. ಅವನು ಗೇಣಿದಾರನೇ ಎಂಬ ಪ್ರಶ್ನೆಯನ್ನು ಇನ್ನು ದಿವಾಣಿ ಕೋರ್ಟು ನಿರ್ಣಯಿಸುವಂತಿಲ್ಲ, ಮಂಡಳಿಗೆ ಕಳುಹಿಸಬೇಕು. ಅಂಥ ದಾವೆಯಲ್ಲಿ ಕೊಟ್ಟ ತಾತ್ಪೂರ್ತಿಕ ತಡೆಯಾಜ್ಞೆಗಳೂ ರದ್ದಾಗುವುವೆಂದು 133ನೆಯ ಕಲಮು ಹೇಳಿತು. ಜಮೀನುದಾರನ ಕಬ್ಜೆಗೆ ಕಾವಲಾಗಿದ್ದ ಆಜ್ಞೆ ಒಂದು ವಾಕ್ಯದಿಂದ ಸಡಿಲಿತು.

ಆದರೂ ಹಳೆಯ ತತ್ತ್ವ ಅಳಿಯಲಿಲ್ಲ. ನೆಲೆಗೊಂಡ ಕಬ್ಜೆಯುಳ್ಳವನನ್ನು ನಿಜವಾದ ಒಡೆಯನೂ ಬಲದಿಂದ ಎಬ್ಬಿಸಲಾರನೆಂದು ಸರ್ವೋಚ್ಚ ನ್ಯಾಯಾಲಯ 2003ರಲ್ಲಿ ಮತ್ತೆ ಹೇಳಿತು. ಒಡೆತನದ ಮೇಲೆಯೇ ಸಂಶಯದ ಮೋಡ ಕವಿದಿದ್ದರೆ ಬರಿಯ ತಡೆಯಾಜ್ಞೆಯ ದಾವೆ ಸಾಲದು, ಹಕ್ಕಿನ ಘೋಷಣೆಯನ್ನೂ ಕೇಳಬೇಕೆಂದು 2008ರಲ್ಲಿ ತಿಳಿಸಿತು. ತಡೆಯಾಜ್ಞೆ ಹೊಲಕ್ಕೆ ಹಾಕಿದ ಬೇಲಿ. ಬೇಲಿ ಬೆಳೆಯನ್ನು ಕಾಯುತ್ತದೆ. ಹೊಲ ಯಾರದೆಂದು ಅದು ಹೇಳಲಾರದು.